ಕಚಾವೊ ಬಗ್ಗೆ ಕರಾವಳಿ ಓದುಗರು ಕೇಳಿದ್ದು

ಹೋದ ಸಲ ಇದೇ ಅಂಕಣದಲ್ಲಿ ಕುಮಟಾದ ಓದುಗರೊಬ್ರು "ಬಾಸ್ ಬಾರಿಸೋರ ಹೆಸರು ಯಾಕೆ ಯಾರಿಗೂ ಗೊತ್ತಿರೋದಿಲ್ಲ" ಅಂತ ಕೇಳಿದ್ರು. ಬಾಸ್ ಅಂದ್ರೆ ಪಿಟೀಲಿನ ಆಕಾರದ, ನಿಲ್ಲಿಸಿ ಬಾರಿಸೋ, ಆಳ ದನಿಯ ದೊಡ್ಡ ತಂತಿವಾದ್ಯ. ಅದಕ್ಕೆ ಉತ್ತರ ಬರೀತಾ ಕ್ಯೂಬಾ ಬಿಟ್ಟು ಅಮೆರಿಕಕ್ಕೆ ಹೋದ ಕಚಾವೊ ಅನ್ನೋ ಲ್ಯಾಟಿನ್ ಜಾಝ್ ಬಾಸ್ ವಾದಕರ ಹೆಸರು ಹೇಳಿದ್ದೆ, ಅಷ್ಟು ದೊಡ್ಡ ವಾದಕರು ವಲಸೆ ಹೋದ ಊರಲ್ಲಿ ಮದುವೆ ಮನೆಗಳಲ್ಲಿ ಬಾರಿಸ್ತಾ ಇದ್ರು ಅಂತಾನೂ ಒಂದು ಸಾಲು ಬರೆದಿದ್ದೆ. ಅಷ್ಟಕ್ಕೇ ಕಾರವಾರದಿಂದ ಭಟ್ಕಳದ ತನಕ, ಘಟ್ಟದ ಮೇಲಿಂದಾನೂ ಪತ್ರ ಬಂದಿವೆ. ಹಾಗಾಗಿ ಈ ಸಲ ಬೇರೆ ಪ್ರಶ್ನೆ ತಗೊಂಡಿಲ್ಲ, ಪೂರ್ತಿ ಜಾಗ ಕಚಾವೊ ಅವರಿಗೆ.

ಯಾರಿವರು? ಹೆಸರೇ ಕೇಳಿಲ್ಲ, ಸ್ವಲ್ಪ ಮೊದಲಿಂದ ಹೇಳಿ.
ಬ್ಯಾಂಕ್ ಉದ್ಯೋಗಿ, ಕಾರವಾರ

ನಿಜವಾದ ಹೆಸರು ಇಸ್ರಾಯೆಲ್ ಲೋಪೆಸ್. ಹುಟ್ಟಿದ್ದು 1918ರ ಸೆಪ್ಟೆಂಬರ್ 14ಕ್ಕೆ, ಹವಾನಾದಲ್ಲಿ. ಅಪ್ಪ ಬಾಸ್ ಬಾರಿಸ್ತಿದ್ರು, ಹತ್ತು ವರ್ಷಕ್ಕೆ ದೊಡ್ಡ ಅಣ್ಣ ಒರೆಸ್ತೆಸ್ ಬಾಸ್ ಜೊತೆಗೆ ಪಿಯಾನೊ, ಚೆಲ್ಲೊ ಎಲ್ಲ ಬಾರಿಸೋರು, ಅಕ್ಕ ಕೊರಾಲಿಯಾನೂ ಬಾಸ್ ಬಾರಿಸೋರೇ, ಅದರ ಮೇಲೆ ಅವರು ಕಟ್ಟಿದ ಒಂದು ಡಾನ್ಸ್ ಟ್ಯೂನು ಕ್ಯೂಬಾದಲ್ಲಿ ಇವತ್ತಿಗೂ ಎಲ್ಲ ಬ್ಯಾಂಡಿನವರಿಗೂ ಬಾಯಿಪಾಠ. ದಾಯಾದಿಗಳನ್ನೆಲ್ಲ ಸೇರಿಸಿದ್ರೆ ಆ ಕುಟುಂಬದಲ್ಲಿ ಮೂವತ್ತಕ್ಕೂ ಹೆಚ್ಚು ಜನ ಬಾಸ್ ವಾದಕರು ಅಂತಾರೆ. ನಮ್ಮ ಜಿಲ್ಲೆಯವರಿಗೆ ಇದು ಅರ್ಥ ಆಗ್ತದೆ, ಗುಣವಂತೆಯ ಕೆರೆಮನೆಯವರು 1934ರಲ್ಲಿ ಯಕ್ಷಗಾನ ಮೇಳ ಕಟ್ಟಿದ್ದು, ಈಗ ನಾಲ್ಕನೇ ತಲೆಮಾರು ರಂಗದ ಮೇಲಿದೆ. ಹಾಗೆ ಮನೆಯೊಳಗೇ ವಿದ್ಯೆ ಇದ್ದಾಗ ಮಕ್ಕಳಿಗೆ ಕಲಿಯೋದು ಯಾವಾಗ ಶುರುವಾಯ್ತು ಅಂತಾನೇ ಗೊತ್ತಾಗೋದಿಲ್ಲ.

ಎಂಟು ವರ್ಷಕ್ಕೆ ಮಕ್ಕಳ ತಂಡದಲ್ಲಿ ಬೊಂಗೊ ಅನ್ನೋ ಪುಟ್ಟ ಜೋಡಿ ಡ್ರಮ್ಮು, ಆಮೇಲೆ ಮೂಕಿ ಸಿನಿಮಾ ಓಡುವಾಗ ಪರದೆ ಹತ್ರ ಕೂತು ಬಾರಿಸೋ ಕೆಲಸ, ಹನ್ನೆರಡು ಹದಿಮೂರಕ್ಕೆಲ್ಲ ಹವಾನಾ ಫಿಲ್ಹಾರ್ಮೋನಿಕ್ ಆರ್ಕೆಸ್ಟ್ರಾ. ಬಾಸ್ ಅಂದ್ರೆ ಸುಮಾರು ಆರು ಅಡಿ ಎತ್ತರದ ವಾದ್ಯ, ಹುಡುಗನಿಗೆ ಎಟುಕದೆ ಪೆಟ್ಟಿಗೆ ಮೇಲೆ ನಿಂತು ಬಾರಿಸ್ತಿದ್ರಂತೆ. ಆ ಆರ್ಕೆಸ್ಟ್ರಾದಲ್ಲಿ ಸುಮಾರು ಮೂವತ್ತು ವರ್ಷ ಇದ್ರು. 1940ರ ದಶಕದಲ್ಲಿ ಅಲ್ಲಿ ಎರಿಖ್ ಕ್ಲೈಬರ್ ಅಂಥ ದೊಡ್ಡ ಕಂಡಕ್ಟರ್ ಇದ್ರು, ಬೇಥೋವನ್ ಎಲ್ಲ ಬಾರಿಸ್ಬೇಕಿತ್ತು. ಅದು ಮುಗಿಸಿ ರಾತ್ರಿಗೆ ಡಾನ್ಸ್ ಬ್ಯಾಂಡು. ಕೊಳಲು ವಾದಕ ಆಂತೋನಿಯೊ ಅರ್ಕಾನ್ಯೊ ಅವರ ಬ್ಯಾಂಡಲ್ಲಿ 1937ರ ಹೊತ್ತಿಂದ ಅಣ್ಣ ತಮ್ಮ ಇಬ್ರೂ ಇದ್ರು, ಆ ಬ್ಯಾಂಡು ರೇಡಿಯೊದಲ್ಲಿ ನಿತ್ಯ ಬರ್ತಿತ್ತು, ರೇಡಿಯೊಗೆ ದಿನಾ ಹೊಸದು ಬೇಕು, ಹಾಗಾಗಿ ಇಬ್ರೂ ಕೂತು ಬರೆದದ್ದೇ ಬರೆದದ್ದು, ದಾನ್ಸೋನ್ ಅನ್ನೋ ಡಾನ್ಸ್ ಸಂಗೀತದ ಟ್ಯೂನುಗಳು ಇಬ್ರದ್ದೂ ಸೇರಿ ಸಾವಿರಗಟ್ಟಲೆ ಆದ್ವು.

ಸಿಂಫನಿಯ ಕಮಾನು ಮತ್ತು ಡಾನ್ಸ್ ಹಾಲಿನ ಲಯ ಎರಡೂ ಒಂದೇ ಕೈಲಿ ಕೂತಿದ್ದು ಇವರ ವಿಶೇಷ. ಬೇರೆ ಬಾಸ್ ವಾದಕರು ಬರೀ ಬೆರಳಲ್ಲಿ ಮೀಟ್ತಿದ್ರೆ ಇವರು ಮಧ್ಯದಲ್ಲಿ ಕಮಾನು ತೆಗೆದು ಉಜ್ಜೋರು, ಮರದ ಮೈ ಮೇಲೆ ತಟ್ಟೋರು, ಒಂದೇ ವಾದ್ಯದಲ್ಲಿ ಚೆಲ್ಲೊನೂ ಬಂತು ಡ್ರಮ್ಮೂ ಬಂತು.

ಮೊಬೈಲಲ್ಲಿ ಹುಡುಕಿ ಕೇಳಿದೆ ಸರ್. ಪಿಯಾನೊ ಕೇಳ್ತು, ಡ್ರಮ್ ಕೇಳ್ತು, ಟ್ರಂಪೆಟ್ ಕೇಳ್ತು. ಬಾಸ್ ಎಲ್ಲಿದೆ?
ಡಿಗ್ರಿ ವಿದ್ಯಾರ್ಥಿ, ಅಂಕೋಲಾ

ಮೊಬೈಲ್ ಸ್ಪೀಕರಲ್ಲಿ ಇಲ್ಲ, ಅದು ಅಲ್ಲಿ ಬರೋದಕ್ಕೇ ಸಾಧ್ಯ ಇಲ್ಲ. ಬಾಸಿನ ಅತಿ ದಪ್ಪ ತಂತಿ ಬಿಟ್ಟು ಮೀಟಿದ್ರೆ ಸೆಕೆಂಡಿಗೆ ಸುಮಾರು 41 ಸಲ ಕಂಪಿಸ್ತದೆ. ಫೋನಿನ ಪುಟ್ಟ ಸ್ಪೀಕರ್ ಅಷ್ಟು ಕೆಳಗಿನ ಸ್ವರಕ್ಕೆ ಗಾಳಿ ತಳ್ಳೋದಿಲ್ಲ, ಇನ್ನೂರರ ಕೆಳಗೆ ಇಳಿದ್ರೇ ಸೋತುಹೋಗ್ತದೆ. ನಿಮಗೆ ಅಲ್ಲಿ ಕೇಳಿಸ್ತಾ ಇರೋದು ಬಾಸಿನ ಮೇಲಿನ ಸಣ್ಣ ಹಾರ್ಮೋನಿಕ್, ಅಂದ್ರೆ ಮೂಲ ಸ್ವರದ ಜೊತೆ ಹುಟ್ಟೋ ಮೇಲಿನ ದನಿ ಮಾತ್ರ. ಒಂದು ಹೆಡ್‌ಫೋನ್ ಹಾಕ್ಕೊಂಡು ಕೇಳಿ, ಇಲ್ಲ ಅಂದ್ರೆ ಮನೇಲಿ ಹಳೇ ದೊಡ್ಡ ಸ್ಪೀಕರ್ ಇದ್ರೆ ಅದಕ್ಕೆ ಹಾಕಿ. ಕೇಳಿದ ಮೇಲೆ ಮತ್ತೆ ಬರೀರಿ ಪ್ಲೀಸ್, ನೀವು ಏನು ಹೇಳ್ತೀರಿ ಅಂತ ನನಗೆ ನಿಜವಾಗಿ ಕುತೂಹಲ ಇದೆ.

ನಾನು ಮದ್ದಳೆ ಕಲೀತಾ ಇದ್ದೇನೆ. ಕಚಾವೊ ಬಾಸ್ ಕೇಳಿದ್ರೆ ಪೆಟ್ಟು ಆವರ್ತದ ಮೊದಲ ಅಕ್ಷರದ ಮೇಲೆ ಬೀಳೋದೇ ಇಲ್ಲ. ಲಯ ತಪ್ಪಿದ್ದಾ ಅಥವಾ ಬೇಕಂತ ಹಾಗೆ ಬಾರಿಸೋದಾ?
ಹೊನ್ನಾವರ ತಾಲೂಕಿನ ಓದುಗ

ಬೇಕಂತಲೇ! ಎಷ್ಟು ಚಂದ ಗಮನಿಸಿದೀರಿ. ಇಡೀ ಕ್ಯೂಬಾ ಸಂಗೀತದ ಗುಟ್ಟು ಇರೋದೇ ಅಲ್ಲಿ, ನೀವು ಮದ್ದಳೆಯವರು ಆಗಿದ್ದಕ್ಕೆ ಅದು ಮೊದಲನೇ ಸಲಕ್ಕೇ ಕಿವಿಗೆ ಬಿತ್ತು. ಬನ್ನಿ, ನಿಮ್ಮ ಬಾಯಿತಾಳದಲ್ಲೇ ಹೇಳ್ತೇನೆ.

ಎಂಟು ಅಕ್ಷರದ ಒಂದು ಆವರ್ತ ಇಟ್ಕೊಳ್ಳಿ. ಅದನ್ನ ತಕಿಟ ತಕಿಟ ತಕ ಅಂತ ಹೇಳಿ, ಮೂರು ಮೂರು ಎರಡು. ಒಂದೊಂದು ಗುಂಪು ಶುರುವಾಗುವಾಗ ಚಪ್ಪಾಳೆ ಹೊಡೀರಿ, ಅಂದ್ರೆ 1, 4, 7ನೇ ಅಕ್ಷರಕ್ಕೆ. ಈ ಮೂರು ಪೆಟ್ಟು ಕ್ಯೂಬಾ ಸಂಗೀತದ ಹಳೇ ಆಸ್ತಿ, ಮುಂಚೆ ಬಾಸ್ ಮೂರನ್ನೂ ಬಾರಿಸ್ತಿತ್ತು. ಈಗ ಮೊದಲನೇ ಚಪ್ಪಾಳೆ ಬಿಟ್ಬಿಡಿ. 4ಕ್ಕೆ ಒಂದು, 7ಕ್ಕೆ ಒಂದು, ಅಷ್ಟೇ. ಇದಕ್ಕೆ ತುಂಬಾವೊ ಅಂತಾರೆ. ಇದು ಒಬ್ಬರ ಆವಿಷ್ಕಾರ ಅಲ್ಲ, 1930, 40ರ ದಶಕದ ಹವಾನಾದ ಹಲವು ಬಾಸ್ ವಾದಕರ ಕೈಲಿ ಗಟ್ಟಿ ಆಗಿದ್ದು, ಅದರಲ್ಲಿ ಕಚಾವೊ ಅವರ ಪಾಲು ತುಂಬ ದೊಡ್ಡದು.

ಇನ್ನೂ ಮಜಾ ಏನಂದ್ರೆ 7ನೇ ಅಕ್ಷರಕ್ಕೆ ಬಾರಿಸೋ ಸ್ವರ ಈ ಆವರ್ತದ್ದೇ ಅಲ್ಲ. ಅದು ಮುಂದಿನ ಆವರ್ತದ ಸ್ವರ. ಹಾಡು ಅಲ್ಲಿಗೆ ಬರೋದಕ್ಕೆ ಇನ್ನೂ ಎರಡು ಅಕ್ಷರ ಇರುವಾಗಲೇ ಬಾಸ್ ಹೋಗಿ ಅಲ್ಲಿ ನಿಂತಾಗಿರ್ತದೆ, ಆ ಸ್ವರ ಹಾಗೇ ಎಳ್ಕೊಂಡು ಸಮ್ ಅಂದ್ರೆ ಆವರ್ತದ ಮೊದಲ ಅಕ್ಷರ ದಾಟಿ ಆಚೆ ಹೋಗ್ತದೆ, ಸಮ್ ಮೇಲೆ ಪೆಟ್ಟೇ ಇಲ್ಲ. ಕರ್ನಾಟಕ ಸಂಗೀತ ಕಲಿತವರಿಗೆ ಅತೀತ ಎಡುಪ್ಪು ಗೊತ್ತಿರ್ತದೆ, ತಾಳ ಶುರುವಾಗೋದಕ್ಕೆ ಮೊದಲೇ ಹಾಡು ಎತ್ತೋದು. ಅಲ್ಲಿ ಎತ್ತುವಾಗ ಆ ಲೆಕ್ಕ ಬಂದ್ರೆ ಇಲ್ಲಿ ಬಾಸ್ ಪ್ರತಿ ಆವರ್ತದಲ್ಲೂ ಅದನ್ನೇ ಮಾಡ್ತಾ ಹೋಗ್ತದೆ, ರಾತ್ರಿಯಿಡೀ. ಹಾಗಾಗಿ ಕುಣಿಯೋರಿಗೆ ಒಂದನೇ ಅಕ್ಷರ ಯಾರೂ ಕೊಡೋದಿಲ್ಲ, ಅದನ್ನ ಅವರ ಕಾಲೇ ತುಂಬಬೇಕು. ಕೇಳ್ತಾ ಕೂತವರಿಗೂ ಮೈ ಸುಮ್ನಿರೋದಿಲ್ಲ ನೋಡಿ, ಕಾರಣ ಇದೇ.

ಇದರ ಮೇಲೆ ಕ್ಲಾವೆ ಅಂತ ಇನ್ನೊಂದಿದೆ, ಎರಡು ಗಟ್ಟಿ ಕಟ್ಟಿಗೆ ತುಂಡು ತಾಗಿಸಿ ಬಾರಿಸೋದು. ಅದು ಹದಿನಾರು ಅಕ್ಷರಕ್ಕೆ ಐದು ಪೆಟ್ಟು. ತಕಿಟ ತಕಿಟ ತಕಧಿಮಿ ತಕ ತಕಧಿಮಿ ಅಂತ ಹೇಳ್ತಾ ಪ್ರತಿ ಗುಂಪಿನ ಮೊದಲ ಅಕ್ಷರಕ್ಕೆ ಚಪ್ಪಾಳೆ ಹೊಡೀರಿ, ಅದೇ ಕ್ಲಾವೆ. ಈಗ ಒಬ್ರು ಕ್ಲಾವೆ ಹಿಡೀರಿ, ಇನ್ನೊಬ್ರು ಬಾಸಿನ 4, 7 ಹಿಡೀರಿ. ಮೊದಲ ಎಂಟು ಅಕ್ಷರದಲ್ಲಿ ಬಾಸಿನ ಎರಡೂ ಪೆಟ್ಟು ಕ್ಲಾವೆ ಜೊತೆಗೇ ಬೀಳ್ತವೆ. ಮುಂದಿನ ಎಂಟರಲ್ಲಿ ಒಂದೂ ಸೇರೋದಿಲ್ಲ! ಒಂದು ಅರ್ಧ ಕೂಡೋದು, ಇನ್ನೊಂದು ಅರ್ಧ ಬಿಡೋದು, ಹೀಗೇ ನಡೀತದೆ. ನಿಮ್ಮ ಗುರುಗಳ ಎದುರಿಗೆ ಒಂದ್ಸಲ ಹೇಳಿ ತೋರ್ಸಿ, ಅವರಿಗೆ ಖಂಡಿತ ಖುಷಿಯಾಗ್ತದೆ.

ಮಾಂಬೊ ಅನ್ನೋ ಡಾನ್ಸ್ ಸಂಗೀತ ಕಂಡುಹಿಡಿದವರು ಕಚಾವೊ ಅಂತ ಒಂದು ಕಡೆ ಓದಿದೆ, ಪೆರೆಸ್ ಪ್ರಾದೊ ಅಂತ ಇನ್ನೊಂದು ಕಡೆ. ಯಾವುದು ಸರಿ?
ನಿವೃತ್ತ ಶಿಕ್ಷಕಿ, ಶಿರಸಿ

ಮೊದಲು ಹೇಳ್ಬೇಕಾದ ಹೆಸರು ಅಣ್ಣ ಒರೆಸ್ತೆಸ್ ಅವರದ್ದು. 1938ರಲ್ಲಿ ಅರ್ಕಾನ್ಯೊ ಬ್ಯಾಂಡಿಗೆ 'ಮಾಂಬೊ' ಅನ್ನೋ ಹೆಸರಿನ ದಾನ್ಸೋನ್ ಬರೆದದ್ದು ಒರೆಸ್ತೆಸ್. ದಾನ್ಸೋನ್ ಅನ್ನೋದು 1879ರ ಹೊತ್ತಿಗೆ ಮತಾನ್ಸಾಸ್ ಅನ್ನೋ ಊರಲ್ಲಿ ಶುರುವಾದ, ಗಾಂಭೀರ್ಯದ ಜೋಡಿ ಕುಣಿತದ ಸಂಗೀತ, ಕೊಳಲು ಪಿಟೀಲು ಎಲ್ಲ ಇರ್ತದೆ. ಅದರ ಕೊನೆ ಭಾಗವನ್ನ ಅಣ್ಣ ತಮ್ಮ ಸೇರಿ ಬಿಚ್ಚಿಬಿಟ್ರು. ಬಾಸ್ ಒಂದೇ ಸಾಲನ್ನ ತಿರುಗಿಸಿ ತಿರುಗಿಸಿ ಬಾರಿಸೋದು, ಪಿಟೀಲು ಅದರ ಮೇಲೆ ಒಂದು ತುಣುಕು ಹಿಡಿಯೋದು, ಕೊಳಲು ಮನಸ್ಸಿಗೆ ಬಂದ ಹಾಗೆ ಹಾರೋದು. ಶುರುವಿಗೆ ಕುಣಿಯೋರಿಗೆ ಇದು ವಿಚಿತ್ರ ಅನ್ನಿಸ್ತಂತೆ, ಆಮೇಲೆ ಬಿಡ್ಲಿಲ್ಲ.

ಪೆರೆಸ್ ಪ್ರಾದೊ ಮಾಡಿದ್ದು ಬೇರೆ ಕೆಲಸ. 1940ರ ದಶಕದ ಕೊನೆಗೆ ಮೆಕ್ಸಿಕೊಗೆ ಹೋಗಿ, ಟ್ರಂಪೆಟ್ ಸ್ಯಾಕ್ಸೋಫೋನ್ ತುಂಬಿದ ದೊಡ್ಡ ಬ್ಯಾಂಡ್ ಕಟ್ಟಿ, ಮಾಂಬೊ ಅನ್ನೋದನ್ನ ಜಗತ್ತಿಗೆಲ್ಲ ಹಂಚಿದ್ರು. ಅದೂ ಸಣ್ಣ ಕೆಲಸ ಅಲ್ಲ. ಆದ್ರೆ ಮನೆ ಕಟ್ಟಿದವರು ಯಾರು ಅಂತ ಕೇಳಿದ್ರೆ ನಾನು ಲೋಪೆಸ್ ಅಣ್ಣ ತಮ್ಮಂದಿರ ಹೆಸರೇ ಹೇಳೋದು, ಅದ್ರಲ್ಲೂ ಅಣ್ಣನದ್ದು ಮೊದಲು. ತಮ್ಮನಿಗೆ ಹೆಸರು ಬಂದ ಮೇಲೆ ಅಣ್ಣನ ಹೆಸರು ಬರವಣಿಗೆಗಳಲ್ಲಿ ಬಿಟ್ಟುಹೋಗ್ತಾ ಇದೆ, ಅದು ನನಗೆ ನೋವಿನ ವಿಷಯ.

ಜಾಝ್ ಅಂದ್ರೆ ಅಮೆರಿಕದ್ದು. ಇವರನ್ನ ಲ್ಯಾಟಿನ್ ಜಾಝ್ ಬಾಸ್ ವಾದಕ ಅಂತ ಯಾಕೆ ಹೇಳ್ತೀರಿ?
ಸಂಗೀತ ಪ್ರೇಮಿ, ಕುಮಟಾ

ಲ್ಯಾಟಿನ್ ಜಾಝ್ ಅನ್ನೋದೇ ವಲಸಿಗರು ಕಟ್ಟಿದ್ದು. ಹವಾನಾದಿಂದ ನ್ಯೂಯಾರ್ಕಿಗೆ ಹೋದ ಮಾರಿಯೊ ಬೌಸಾ, ಮಚೀತೊ ಇವರೆಲ್ಲ 1940ರ ದಶಕದಲ್ಲಿ ಅಲ್ಲಿನ ಜಾಝ್ ಬ್ಯಾಂಡಿನ ಕೆಳಗೆ ಕ್ಯೂಬಾದ ತಾಳ ಇಟ್ರು, 1947ರ ಹೊತ್ತಿಗೆ ಅಮೆರಿಕದ ಜಾಝ್ ಟ್ರಂಪೆಟ್ ವಾದಕ ಡಿಜ್ಜಿ ಗಿಲೆಸ್ಪಿ ಜೊತೆ ಚಾನೊ ಪೋಸೊ ಅನ್ನೋ ಕ್ಯೂಬಾದ ಕೊಂಗಾ (ಕೈಯಲ್ಲಿ ಬಾರಿಸೋ ಎತ್ತರದ ಡ್ರಮ್ಮು) ವಾದಕ ಸೇರಿದ್ರು. ಕಚಾವೊ ಆಗ ಇನ್ನೂ ಹವಾನಾದಲ್ಲೇ. ಆದ್ರೆ ಜಾಝಿನವರಿಗೆ ಅವರು ಕೊಟ್ಟ ದೊಡ್ಡ ಉಡುಗೊರೆ ಹವಾನಾದಲ್ಲೇ ಆಯ್ತು, 1957ರಲ್ಲಿ.

ಹವಾನಾದ ನೈಟ್‌ಕ್ಲಬ್‌ಗಳು ಮುಚ್ಚೋ ಹೊತ್ತು ಮೀರಿದ ಮೇಲೆ, ಅಲ್ಲಿ ಬಾರಿಸಿ ಸುಸ್ತಾದ ವಾದಕರನ್ನೇ ಕರ್ಕೊಂಡು ಪಾನಾರ್ಟ್ ಸ್ಟುಡಿಯೊಗೆ ಹೋದ್ರು. ಕೊಂಗಾಕ್ಕೆ ತಾತಾ ಗ್ವಿನೆಸ್, ಟಿಂಬಾಲೆಸ್ ಅನ್ನೋ ಜೋಡಿ ಡ್ರಮ್ಮಿಗೆ ಗಿಯೆರ್ಮೊ ಬಾರೆತೊ, ಟ್ರಂಪೆಟ್ಟಿಗೆ ಎಲ್ ನೆಗ್ರೊ ವಿವಾರ್, ಟ್ರಾಂಬೋನಿಗೆ ಹೆನೆರೋಸೊ ಹಿಮೆನೆಸ್, ಕೊಳಲಿಗೆ ರಿಚರ್ಡ್ ಎಗ್ವೆಸ್. ಇದಕ್ಕೆ ದೆಸ್ಕಾರ್ಗಾ ಅಂತ ಹೆಸರು. ಹಾಡುಗಾರ ಮುಂದೆ ನಿಂತು ನಡೆಸೋದಿಲ್ಲ, ಬಾಸ್ ಒಂದು ಸಾಲು ಇಡ್ತದೆ, ಅದನ್ನ ಹಿಡ್ಕೊಂಡು ಒಬ್ಬೊಬ್ಬರಾಗಿ ಬರ್ತಾರೆ. ಬಹುತೇಕ ಎಲ್ಲ ಎರಡು ಮೂರು ನಿಮಿಷದ ಪುಟ್ಟ ಪುಟ್ಟ ತುಣುಕು. ಇದು ಮೊದಲ ದೆಸ್ಕಾರ್ಗಾ ಅಲ್ಲ, ಅದಕ್ಕೆ ಮುಂಚೆನೂ ಬೇರೆಯವರು ರೆಕಾರ್ಡ್ ಮಾಡಿದ್ರು. ಆದ್ರೆ ಮುಂದೆ ನ್ಯೂಯಾರ್ಕಿನ ಲ್ಯಾಟಿನ್ ವಾದಕರೆಲ್ಲ ಪಾಠದ ಹಾಗೆ ಕೇಳಿದ್ದು ಈ ರೆಕಾರ್ಡನ್ನ. ಬಾಸ್ ವಾದಕ ನಾಯಕ ಆಗಿ ನಿಂತ್ರೆ ಏನಾಗ್ತದೆ ಅಂತ ಅದರಲ್ಲಿ ಗೊತ್ತಾಗ್ತದೆ, ಯಾರನ್ನೂ ತಳ್ಳೋದಿಲ್ಲ, ಎಲ್ಲರಿಗೂ ಜಾಗ ಸಿಗ್ತದೆ, ಆದ್ರೂ ಎಲ್ಲಿ ತಿರುಗಬೇಕು ಅಂತ ನಿರ್ಧಾರ ಮಾಡೋದು ಅವರೇ. ಈ ಮಾತು ಹೇಳ್ಬೇಕು ಅಂತಾನೇ ನಾನು ಹೋದ ಸಲ ಅವರ ಹೆಸರು ತೆಗೆದದ್ದು.

ನಮ್ಮ ಮನೆಯವರು ದುಬೈಯಲ್ಲಿ ಇದಾರೆ. ಅಷ್ಟು ದೊಡ್ಡ ಕಲಾವಿದರು ದೇಶ ಬಿಟ್ಟ ಮೇಲೆ ಮದುವೆ ಮನೇಲಿ ಬಾರಿಸ್ತಿದ್ರು ಅಂತ ಬರೆದಿದ್ರಿ, ಓದಿ ಬೇಜಾರಾಯ್ತು. ಅವರಿಗೆ ಮತ್ತೆ ಊರಿಗೆ ಹೋಗೋದಕ್ಕೆ ಆಯ್ತಾ?
ಗೃಹಿಣಿ, ಭಟ್ಕಳ

ಇಲ್ಲ ಅಮ್ಮ, ಆಗ್ಲಿಲ್ಲ. ನಿಮ್ಮ ಮನೆಯವರು ರಜೆ ಹಾಕಿ ಬರ್ತಾರೆ, ಹಬ್ಬಕ್ಕೋ ಮದುವೆಗೋ ಅಂತ ಕಾಯೋದಕ್ಕೆ ಒಂದು ದಿನ ಇರ್ತದೆ. ಅವರಿಗೆ ಅಂಥ ದಿನ ಇರ್ಲಿಲ್ಲ. ಕ್ಯೂಬಾದಲ್ಲಿ ಕ್ಯಾಸ್ಟ್ರೊ ಕ್ರಾಂತಿ ಆದ ಮೇಲೆ, 1962ರಲ್ಲಿ ಹಡಗು ಹತ್ತಿ ಸ್ಪೇನಿಗೆ ಹೋದ್ರು, ಅದೇ ವರ್ಷ ಅಮೆರಿಕ ಕ್ಯೂಬಾದ ಜೊತೆ ವ್ಯಾಪಾರ ಪೂರ್ತಿ ನಿಲ್ಲಿಸ್ತು, ಎರಡು ದೇಶದ ನಡುವೆ ದಾರಿನೇ ಮುಚ್ಚಿದ ಹಾಗಾಯ್ತು. ಸ್ಪೇನಿಂದ ನ್ಯೂಯಾರ್ಕಿಗೆ. ಅಣ್ಣ ಒರೆಸ್ತೆಸ್ ಹವಾನಾದಲ್ಲೇ ಉಳಿದ್ರು, ಅಲ್ಲೇ 1991ರಲ್ಲಿ ತೀರಿಕೊಂಡ್ರು. ಒಂದೇ ಬ್ಯಾಂಡಲ್ಲಿ ಅಕ್ಕಪಕ್ಕ ಕೂತು ಬರೆದವರು.

ನ್ಯೂಯಾರ್ಕಲ್ಲಿ ಕೆಲಸಕ್ಕೆ ಕೊರತೆ ಇರ್ಲಿಲ್ಲ. ಪಲ್ಲಾಡಿಯಮ್ ಅನ್ನೋ ದೊಡ್ಡ ಡಾನ್ಸ್ ಹಾಲು, ಅಲ್ಲಿ ಬಾರಿಸೋ ತೀತೊ ರೊಡ್ರಿಗೆಸ್, ತೀತೊ ಪ್ವೆಂತೆ, ಮಚೀತೊ, ಪಾಲ್ಮಿಯೇರಿ ಸಹೋದರರು, ಎಲ್ಲರಿಗೂ ಕಚಾವೊ ಬೇಕು. ನಾಯಕ ಆಗಿದ್ದವರು ಈಗ ಬೇರೆಯವರ ಬ್ಯಾಂಡಲ್ಲಿ ಹಿಂದಿನ ಸಾಲಲ್ಲಿ ನಿಂತ್ರು, ಅಷ್ಟೇ ವ್ಯತ್ಯಾಸ. 1970ರ ದಶಕದಲ್ಲಿ ಲಾಸ್ ವೇಗಸ್‌ಗೆ ಹೋದ್ರು, ಕ್ಯಾಸಿನೊ ಹೋಟೆಲ್‌ಗಳ ಆರ್ಕೆಸ್ಟ್ರಾದಲ್ಲಿ ಬಾರಿಸೋದು. ಆದ್ರೆ ಆ ಊರಿನ ಜೂಜು ಅವರನ್ನೂ ಹಿಡೀತು. ಹೆಂಡತಿ ಎಸ್ತೆರ್ ಅವರನ್ನ ಅಲ್ಲಿಂದ ಎಬ್ಬಿಸಿ ಮಯಾಮಿಗೆ ಕರ್ಕೊಂಡು ಬಂದ್ರು. 1946ರಲ್ಲಿ ಮದುವೆ ಆದವರು, ಕೊನೆ ತನಕ ಜೊತೆಗಿದ್ರು. ಈ ಕಥೇಲಿ ಆ ತಾಯಿಯ ಪಾಲು ಯಾರೂ ಸರಿಯಾಗಿ ಬರೆದಿಲ್ಲ.

ಮಯಾಮಿಯಲ್ಲಿ ಮದುವೆ, ಮಕ್ಕಳ ಬ್ಯಾಪ್ಟಿಸಮ್, ಪಾರ್ಟಿ, ಏನು ಸಿಕ್ಕಿದ್ರೆ ಅದು. ನೀವು ಬೇಜಾರಾಯ್ತು ಅಂದ್ರಿ, ಅದು ನಿಮ್ಮ ಒಳ್ಳೆ ಮನಸ್ಸು. ಆದ್ರೆ ನಾನು ಇದನ್ನ ಸ್ವಲ್ಪ ಬೇರೆ ಥರ ನೋಡ್ತೇನೆ. ನಮ್ಮ ಕಡೆ ಪಂಚವಾದ್ಯದವರು, ಶಹನಾಯಿಯವರು, ಬ್ಯಾಂಡಿನವರು ಬದುಕೋದು ಮದುವೆ ಮತ್ತು ಜಾತ್ರೆ ಮೇಲೇ ಅಲ್ವಾ, ಅವರಲ್ಲಿ ಎಂಥೆಂಥ ವಿದ್ವಾಂಸರು ಇದಾರೆ, ಮದುವೆ ಮಂಟಪದಲ್ಲಿ ಬಾರಿಸಿದ್ರು ಅಂತ ಅವರ ವಿದ್ಯೆ ಕಡಿಮೆ ಆಯ್ತಾ? ಕಚಾವೊ ಹವಾನಾದಲ್ಲೂ ಕುಣಿಯೋ ಜನರಿಗೇ ಬಾರಿಸಿದವರು. ಮಯಾಮಿಯ ಮದುವೆಗಳಲ್ಲಿ ಕುಣೀತಾ ಇದ್ದವರೂ ಅವರ ಹಾಗೇ ಊರು ಬಿಟ್ಟು ಬಂದ ಜನ. ಅನ್ಯಾಯ ಇರೋದು ಬೇರೆ ಕಡೆ, ಅವರ ವಿದ್ಯೆಗೆ ತಕ್ಕ ದುಡ್ಡು, ರೆಕಾರ್ಡಿಂಗು, ಹೆಸರು ಆ ವರ್ಷಗಳಲ್ಲಿ ಸಿಗ್ಲಿಲ್ಲ, ಅದಕ್ಕೆ ಕೋಪ ಬರ್ಬೇಕು.

ಇನ್ನೊಂದು ಮಾತೂ ಇಲ್ಲೇ ಹೇಳ್ಬಿಡ್ತೇನೆ. ನಟ ಆಂಡಿ ಗಾರ್ಸಿಯಾ ಕಚಾವೊ ಅವರನ್ನ "ಹುಡುಕಿ ತೆಗೆದ್ರು" ಅಂತ ಎಲ್ಲ ಕಡೆ ಬರೀತಾರೆ. ಗಾರ್ಸಿಯಾ ಮಾಡಿದ್ದು ದೊಡ್ಡ ಉಪಕಾರ, ಅದರಲ್ಲಿ ಎರಡು ಮಾತಿಲ್ಲ. ಅವರೂ ಹವಾನಾದಲ್ಲೇ ಹುಟ್ಟಿ ಐದು ವರ್ಷದವರಿದ್ದಾಗ ಊರು ಬಿಟ್ಟವರು, ಚಿಕ್ಕಂದಿನಿಂದ ಕಚಾವೊ ರೆಕಾರ್ಡ್ ಕೇಳಿ ಬೆಳೆದವರು, 1992ರಲ್ಲಿ ಮಯಾಮಿಯಲ್ಲಿ ದೊಡ್ಡ ಕಛೇರಿ ಮಾಡಿಸಿದ್ರು, 1993ರಲ್ಲಿ ಅದರದ್ದೇ ಸಾಕ್ಷ್ಯಚಿತ್ರ ತಂದ್ರು, 1994ರಲ್ಲಿ 'ಮಾಸ್ಟರ್ ಸೆಷನ್ಸ್' ಆಲ್ಬಮ್ ಬಂತು, 1995ರಲ್ಲಿ ಅದಕ್ಕೆ ಅಮೆರಿಕದ ದೊಡ್ಡ ಸಂಗೀತ ಪ್ರಶಸ್ತಿ ಗ್ರ್ಯಾಮಿ, ಆಗ ಕಚಾವೊಗೆ 76 ವರ್ಷ. ಆದ್ರೆ ಕಳೆದುಹೋದವರನ್ನ ತಾನೇ ಹುಡುಕಬೇಕು, ಇವರು ಎಲ್ಲೂ ಕಳೆದುಹೋಗಿರ್ಲಿಲ್ಲ. ಬಾಸ್ ಬಾರಿಸೋರಿಗೆಲ್ಲ ಅವರು ಎಲ್ಲಿದಾರೆ ಅಂತ ಗೊತ್ತಿತ್ತು, 1977ರಲ್ಲೇ ನ್ಯೂಯಾರ್ಕಿನವರು ಅವರ ಹೆಸರಲ್ಲಿ ಎರಡು ಆಲ್ಬಮ್ ಮಾಡಿಸಿದ್ರು. ಗೊತ್ತಿಲ್ಲದೇ ಇದ್ದದ್ದು ಪತ್ರಿಕೆಯವರಿಗೆ, ಕಂಪನಿಗಳಿಗೆ.

ಆಮೇಲೆ ಬಂದ ಗೌರವ ಸಾಕಷ್ಟು. 2003ರಲ್ಲಿ ಹಾಲಿವುಡ್ಡಿನ ರಸ್ತೆ ಮೇಲೆ ಅವರ ಹೆಸರಿನ ನಕ್ಷತ್ರ, 2003, 2005ರಲ್ಲಿ ಮತ್ತೆ ಗ್ರ್ಯಾಮಿ. ಎಂಬತ್ತು ದಾಟಿದ ಮೇಲೂ ಬಾಸ್ ಬಿಡ್ಲಿಲ್ಲ. ಮಯಾಮಿ ಪಕ್ಕದ ಕೋರಲ್ ಗೇಬಲ್ಸ್‌ನಲ್ಲಿ 2008ರ ಮಾರ್ಚ್ 22ಕ್ಕೆ ತೀರಿಕೊಂಡ್ರು, 89 ವರ್ಷ.

ಅಷ್ಟರಲ್ಲಿ ಹವಾನಾದಲ್ಲಿ ಒರೆಸ್ತೆಸ್ ಅವರ ಮಗ ಒರ್ಲಾಂದೊ, ಎಲ್ಲರೂ ಕಚಾಯೀತೊ ಅಂತ ಕರೆಯೋದು, 1996ರಲ್ಲಿ ಬುಯೆನಾ ವಿಸ್ತಾ ಸೋಷಿಯಲ್ ಕ್ಲಬ್ ರೆಕಾರ್ಡಿಂಗಿಗೆ ಬಾಸ್ ಬಾರಿಸಿದ್ರು, ಆ ಆಲ್ಬಮ್ ಜಗತ್ತೆಲ್ಲ ಸುತ್ತಿತು. ಆ ಸ್ಟುಡಿಯೊ ಯಾವುದು ಗೊತ್ತಾ, ಚಿಕ್ಕಪ್ಪ 1957ರಲ್ಲಿ ದೆಸ್ಕಾರ್ಗಾ ಮಾಡಿದ ಪಾನಾರ್ಟೇ, ಕ್ರಾಂತಿ ಆದ ಮೇಲೆ ಸರ್ಕಾರದ್ದಾಗಿತ್ತು.

ಕ್ಯೂಬಾ ಸಂಗೀತದ ಮೂಲ ಆಫ್ರಿಕಾ ಅಂತಾರೆ. ನಮ್ಮ ಸಿದ್ದಿಗಳ ಡಮಾಮಿ ಡೋಲಿಗೂ ಅದಕ್ಕೂ ಸಂಬಂಧ ಇದೆಯಾ?
ಯಲ್ಲಾಪುರದ ಓದುಗ

ನೇರ ಸಂಬಂಧ ಅಂತ ಹೇಳೋದಕ್ಕೆ ಬರೋದಿಲ್ಲ. ಕ್ಯೂಬಾಕ್ಕೆ ಗುಲಾಮರಾಗಿ ಎಳೆದು ತಂದ ಜನ ಹೆಚ್ಚಾಗಿ ಆಫ್ರಿಕಾದ ಪಶ್ಚಿಮ ಮತ್ತು ಮಧ್ಯಭಾಗದವರು, ಯೊರುಬಾ, ಕಾಂಗೊ ಕಡೆಯವರು, ಅಲ್ಲಿ ಗುಲಾಮಗಿರಿ ಪೂರ್ತಿ ನಿಂತದ್ದು 1886ರಲ್ಲಿ. ನಮ್ಮ ಯಲ್ಲಾಪುರ, ಹಳಿಯಾಳ, ಅಂಕೋಲಾ, ಮುಂಡಗೋಡ ಕಡೆ ಸಿದ್ದಿಗಳ ಹಿರಿಯರು ಹೆಚ್ಚಾಗಿ ಪೂರ್ವ ಆಫ್ರಿಕಾದಿಂದ, ಪೋರ್ಚುಗೀಸರ ಹಡಗಲ್ಲಿ ಗೋವಾಕ್ಕೆ ಬಂದು, ಅಲ್ಲಿಂದ ತಪ್ಪಿಸಿಕೊಂಡೋ ಬಿಡುಗಡೆಯಾಗಿಯೋ ಈ ಕಾಡಿಗೆ ಬಂದವರು. ಸಮುದ್ರ ಬೇರೆ, ಹೊರಟ ತೀರ ಬೇರೆ. ಎರಡನ್ನೂ ಒಂದೇ ಅಂತ ಸೇರಿಸಿ ಹೇಳಿದ್ರೆ ಇಬ್ಬರ ಇತಿಹಾಸಕ್ಕೂ ಮೋಸ.

ಆದ್ರೆ ನಿಮ್ಮ ಪ್ರಶ್ನೆ ಹಿಂದಿರೋ ಯೋಚನೆ ನನಗೆ ತುಂಬ ಹಿಡಿಸ್ತು. ಕ್ಯೂಬಾದಲ್ಲಿ ಕಪ್ಪು ಜನರ ಡ್ರಮ್ಮು ಬಹಳ ಕಾಲ ಮೇಲ್ವರ್ಗದವರ ಹಾಲ್ ಒಳಗೆ ಬರೋ ಹಾಗಿರ್ಲಿಲ್ಲ, ಕೊಂಗಾ ಡಾನ್ಸ್ ಬ್ಯಾಂಡುಗಳಲ್ಲಿ ನೆಲೆ ಕಂಡದ್ದು 1930, 40ರ ದಶಕದಲ್ಲಿ, ಕಚಾವೊ ಅವರ ಕಾಲದಲ್ಲೇ. ಒಳಗೆ ಬಂದ ಮೇಲೆ ಇಡೀ ದೇಶದ ಸಂಗೀತವೇ ಬದಲಾಯ್ತು. ಡಮಾಮಿಯನ್ನ ನಾವು ಸರ್ಕಾರಿ ಉತ್ಸವದ ಮೆರವಣಿಗೇಲಿ ಹತ್ತು ನಿಮಿಷ ನೋಡಿ ಕಳಿಸಿಬಿಡ್ತೇವೆ. ಕೂತು ಅವರ ಹತ್ರ ಲಯ ಕಲೀಬೇಕು ಅಂತ ನಮ್ಮ ತಬಲಾ, ಮದ್ದಳೆ ಹುಡುಗರು ಎಷ್ಟು ಜನ ಹೋಗಿದಾರೆ? ಯಲ್ಲಾಪುರದಲ್ಲೇ ಇರೋ ನೀವು ಇದನ್ನ ಶುರು ಮಾಡಿದ್ರೆ ನಾನಂತೂ ಬರ್ತೇನೆ.

ಇಗರ್ಜಿ ಕ್ವಾಯರಲ್ಲಿ ಗಿಟಾರ್ ಬಾರಿಸ್ತೇನೆ. ದೊಡ್ಡ ಬಾಸ್ ತಗೊಳ್ಳೋ ಆಸೆ. ನಮ್ಮ ಮಳೆಗಾಲಕ್ಕೆ ತಡೀತದಾ?
ಕಾರವಾರ ಹತ್ತಿರದ ಓದುಗ

ಮೊದಲು ಒಂದು ಬಾಸ್ ಗಿಟಾರ್ ತಗೊಳ್ಳಿ. ನಿಮ್ಮ ಗಿಟಾರಿನ ಕೆಳಗಿನ ನಾಲ್ಕು ತಂತಿ ಯಾವ ಸ್ವರವೋ ಬಾಸಿಗೂ ಅದೇ, ಇ ಎ ಡಿ ಜಿ, ಒಂದು ಆಕ್ಟೇವ್ ಕೆಳಗೆ ಅಷ್ಟೆ. ತುಂಬಾವೊ ಅದರಲ್ಲೂ ಚೆನ್ನಾಗಿ ಬರ್ತದೆ, ಬಲಗೈ ಅಂಗೈ ಅಂಚು ತಂತಿಗೆ ಸ್ವಲ್ಪ ತಾಗಿಸಿ ಬಾರಿಸಿ, ದೊಡ್ಡ ಬಾಸಿನ ಹಾಗೆ ಗಿಡ್ಡ ದಪ್ಪ ಸದ್ದು ಬರ್ತದೆ. ಮುಂದೆ ದೊಡ್ಡದೇ ತಗೊಳ್ಳೋದಾದ್ರೆ ಪ್ಲೈವುಡ್ ಮೈಯದ್ದು ನೋಡಿ, ಗಟ್ಟಿ ಮರ ಕೆತ್ತಿ ಮಾಡಿದ್ದರ ಸದ್ದು ಇನ್ನೂ ಒಳ್ಳೇದು, ನಿಜ, ಆದ್ರೆ ಜೂನಿಂದ ಸೆಪ್ಟೆಂಬರ್ ತನಕ ನಮ್ಮ ತೇವಕ್ಕೆ ಉಬ್ಬಿ ಬೇಸಿಗೆಗೆ ಕುಗ್ಗಿ ಅಂಟು ಬಿಡೋದು, ಸೀಳು ಬರೋದು ಅದಕ್ಕೇ ಜಾಸ್ತಿ. ಸಮುದ್ರದ ಗಾಳಿಗೆ ಉಕ್ಕಿನ ತಂತಿ ಬೇಗ ತುಕ್ಕು ಹಿಡೀತದೆ, ಬಾರಿಸಿದ ಮೇಲೆ ಒಣ ಬಟ್ಟೇಲಿ ಒರೆಸೋದು ಮರೀಬೇಡಿ. ಎಸಿ ರೂಮಿಂದ ಹೊರಗೆ, ಹೊರಗಿಂದ ಎಸಿಗೆ ಪದೇ ಪದೇ ತಗೊಂಡು ಹೋಗ್ಬೇಡಿ.

ಎಲ್ಲಿಂದ ಕೇಳೋದಕ್ಕೆ ಶುರು ಮಾಡ್ಲಿ?
ಗೋಕರ್ಣ, ಶಿರಸಿ, ಜೋಯಿಡಾದಿಂದ ಮೂರು ಪತ್ರ

ಎಲ್ಲರೂ 1957ರ ದೆಸ್ಕಾರ್ಗಾದಿಂದ ಶುರು ಮಾಡಿ ಅಂತಾರೆ. ನಾನು ಹೇಳೋದು ಕೊನೆಯಿಂದ ಶುರು ಮಾಡಿ ಅಂತ, 2001ರಲ್ಲಿ ಬಂದ 'ಎಲ್ ಆರ್ತೆ ದೆಲ್ ಸಬೋರ್'. ಮೂಲ ಮೂರೇ ಜನ, ಪಿಯಾನೊಗೆ ಬೇಬೊ ವಾಲ್ದೆಸ್, ಕೊಂಗಾಕ್ಕೆ ಪತಾತೊ ವಾಲ್ದೆಸ್, ಬಾಸಿಗೆ ಕಚಾವೊ. ವಾದ್ಯ ಕಡಿಮೆ, ಹಾಗಾಗಿ ಬಾಸ್ ಎಲ್ಲಿದೆ ಅಂತ ಹುಡುಕೋ ಕಷ್ಟ ಇಲ್ಲ. ಮೂವರೂ ಕ್ಯೂಬಾ ಬಿಟ್ಟವರು. ಬೇಬೊ ಹುಟ್ಟಿದ್ದು 1918ರ ಅಕ್ಟೋಬರ್ 9ಕ್ಕೆ, ಕಚಾವೊಗಿಂತ ಒಂದು ತಿಂಗಳೂ ಚಿಕ್ಕವರಲ್ಲ, ಸ್ವೀಡನ್ನಿನ ಸ್ಟಾಕ್‌ಹೋಮಲ್ಲಿ ನೆಲೆ ನಿಂತು ವರ್ಷಗಟ್ಟಲೆ ಹೋಟೆಲ್‌ಗಳಲ್ಲಿ ಪಿಯಾನೊ ಬಾರಿಸಿದವರು. ಎಂಬತ್ತರ ಮೇಲಿನ ಇಬ್ರು ಯಾವ ಅವಸರಾನೂ ಇಲ್ಲದೆ ಬಾರಿಸೋದನ್ನ ಕೇಳ್ತಾ ಇದ್ರೆ ಕಣ್ಣಲ್ಲಿ ನೀರು ಬರ್ತದೆ, ನನಗಂತೂ ಬಂದಿದೆ.

ಅದಾದ ಮೇಲೆ 'ಮಾಸ್ಟರ್ ಸೆಷನ್ಸ್' ಮೊದಲ ಭಾಗ, ದಾನ್ಸೋನ್ ಹೇಗಿರ್ತದೆ ಅಂತ ಅದರಲ್ಲಿ ಗೊತ್ತಾಗ್ತದೆ. 1957ರದ್ದು ಮೂರನೇದಾಗಿ ಕೇಳಿ, ಅಷ್ಟೊತ್ತಿಗೆ ಕಿವಿ ತಯಾರಾಗಿರ್ತದೆ. ಮೊದಲ ಸಲ ಮಾಮೂಲಿ ಕೇಳಿ, ಎರಡನೇ ಸಲ ಬಾಸ್ ಒಂದನ್ನೇ ಹಿಡ್ಕೊಂಡು ಹೋಗಿ, ತಕಿಟ ತಕಿಟ ತಕ ಬಾಯಲ್ಲಿ ಹೇಳ್ತಾ. ಅವರು ತುಂಬಾವೊ ಬಿಟ್ಟು ಬೇರೆ ಏನೋ ಮಾಡೋ ಜಾಗಗಳು ಬರ್ತವೆ, ಅವು ಎಲ್ಲೆಲ್ಲಿ ಅಂತ ಗುರುತು ಹಾಕಿ ನನಗೆ ಬರೆದು ಕಳ್ಸಿ, ಮುಂದಿನ ಸಲ ಅದನ್ನೇ ಇಟ್ಕೊಂಡು ಮಾತಾಡೋಣ.